ಪೇರಲ ತೋಟದ ಪುಟ್ಟ ಕಪ್ಪೆ ಮರಿಯೇ, ಬೆಳೆದದ್ದೇ?

ಪ್ರಶ್ನೆ: ಧಾರವಾಡ ಸಮೀಪದ ನವಲೂರಿನಲ್ಲಿ ನಮ್ಮ ಪೇರಲ ತೋಟವಿದೆ. ಈ ವರ್ಷದ ಮೊದಲ ಮಳೆ ಮಿರಗಕ್ಕೇ ಬಿತ್ತು. ಅದಾದ ಮೂರನೆಯ ದಿನ ತರಗೆಲೆ ಸರಿಸುವಾಗ, ಒಂದು ರೂಪಾಯಿ ನಾಣ್ಯದ ಮೇಲೆ ಕೂರಬಹುದಾದಷ್ಟು ಸಣ್ಣ ಕಪ್ಪೆಗಳು ನಾಲ್ಕಾರು ಜಿಗಿದವು. ರಾತ್ರಿ ತಗ್ಗಿನಲ್ಲಿ ನಿಂತ ನೀರಿನ ಕಡೆಯಿಂದ ಕರ್ರ್ ಕರ್ರ್ ಎಂಬ ಸದ್ದು ಜೋರಾಗಿ ಕೇಳುತ್ತದೆ. ಇವು ದೊಡ್ಡ ಕಪ್ಪೆಯ ಮರಿಗಳೇ? ಸೊಳ್ಳೆಯ ಭಯದಿಂದ ಆ ತಗ್ಗನ್ನು ಮುಚ್ಚಬೇಕೆಂದಿದ್ದೇವೆ, ಮುಚ್ಚಬಹುದೇ? ಕಪ್ಪೆಯ ಎರಡು ಚಿತ್ರಗಳನ್ನು ಕಳಿಸಿದ್ದೇನೆ.

ಉತ್ತರ: ಇವು ಮರಿಗಳಲ್ಲ, ಪೂರ್ತಿ ಬೆಳೆದ ಕಪ್ಪೆಗಳು. ಅದಕ್ಕೆ ಬೇಕಾದ ಸಾಕ್ಷಿ ನಿಮ್ಮ ಪತ್ರದಲ್ಲೇ ಇದೆ. ಮೊಟ್ಟೆಯೊಡೆದು, ಗೊದಮೊಟ್ಟೆಯಾಗಿ, ಕಾಲು ಮೂಡಿ, ಬಾಲ ಕರಗಿ ದಡ ಹತ್ತಲು ಕಪ್ಪೆಗೆ ವಾರಗಳೇ ಬೇಕಾಗುವುದರಿಂದ, ಮೊದಲ ಮಳೆಯಾದ ಮೂರೇ ದಿನಕ್ಕೆ ಕಂಡವು ಈ ವರ್ಷದ ಮರಿಗಳಾಗಿರಲಾರವು. ರಾತ್ರಿ ಅಷ್ಟು ಜೋರಾಗಿ ಕೂಗುತ್ತಿರುವವು ಹೆಣ್ಣನ್ನು ಕರೆಯುತ್ತಿರುವ ಪ್ರೌಢ ಗಂಡುಗಳು. ಗಂಟಲಿನ ಚೀಲವನ್ನು ಗಾಳಿಯಿಂದ ಉಬ್ಬಿಸಿಕೊಂಡು ಕೂಗುವುದರಿಂದ ಎರಡು, ಎರಡೂವರೆ ಸೆಂಟಿಮೀಟರ್ ಉದ್ದದ ಜೀವಕ್ಕೂ ಇಡೀ ತೋಟಕ್ಕೆ ಕೇಳುವಂಥ ದನಿ ಬರುತ್ತದೆ.

ಚಿತ್ರದಲ್ಲಿರುವುದು ಕಿರುಬಾಯಿ ಕಪ್ಪೆಗಳ ಕುಟುಂಬಕ್ಕೆ ಸೇರಿದ ಮೈಕ್ರೊಹೈಲ. ತಲೆ ಚಿಕ್ಕದು, ಮೂತಿ ತ್ರಿಕೋನದಂತೆ ಚೂಪು, ಚರ್ಮ ನುಣುಪು, ಕಣ್ಣಿನ ಹಿಂದೆ ಇರಬೇಕಾದ ಕಿವಿತಮಟೆ ಹೊರಗೆ ಕಾಣುವುದೇ ಇಲ್ಲ. ಬೆನ್ನ ಮೇಲಿನ ಕಡುಕಂದು ಗುರುತು ಕಣ್ಣುಗಳ ನಡುವೆ ಆರಂಭವಾಗಿ, ಹೆಗಲ ಬಳಿ ಕಿರಿದಾಗಿ, ಹಿಂಗಾಲುಗಳತ್ತ ಸಾಗಿದಂತೆ ನಿಲುವಂಗಿಯ ಅಂಚಿನ ಹಾಗೆ ಹರವಿಕೊಂಡಿದೆ. ಇಷ್ಟು ಲಕ್ಷಣಗಳು ಕೂಡಿರುವುದರಿಂದ, ಹೊಲದ ಬದುಗಳಲ್ಲಿ ಸಾಮಾನ್ಯವಾಗಿ ಸಿಗುವ ಮಿನರ್ವರ್ಯ ಕಪ್ಪೆಯನ್ನು ಬದಿಗಿಡಬಹುದು. ಅದಕ್ಕೆ ಕಿವಿತಮಟೆ ಸ್ಪಷ್ಟವಾಗಿರುತ್ತದೆ, ಬೆನ್ನು ಗಂಟುಗಂಟಾಗಿ, ಮಡಿಕೆಮಡಿಕೆಯಾಗಿರುತ್ತದೆ. ಮಣ್ಣಿನೊಳಗೆ ಹಿಮ್ಮುಖವಾಗಿ ಇಳಿಯುವ ಬಿಲಗಪ್ಪೆಯ ಮರಿಯೂ ಇದಲ್ಲ. ಅದರ ಮೈ ದುಂಡು, ಹಿಮ್ಮಡಿಯಲ್ಲಿ ಸಲಿಕೆಯಂಥ ಗಟ್ಟಿ ಉಬ್ಬು ಇರುತ್ತದೆ.

ಪ್ರಭೇದದ ಹೆಸರಿನ ಮಟ್ಟಿಗೆ ಮಾತ್ರ ಸ್ವಲ್ಪ ಎಚ್ಚರ ಬೇಕು. ಇಂಥ ಕಪ್ಪೆಗಳನ್ನೆಲ್ಲ ಬಹಳ ಕಾಲ, 1841ರಲ್ಲಿ ಫ್ರೆಂಚ್ ವಿಜ್ಞಾನಿಗಳಾದ ಡ್ಯುಮೆರಿಲ್ ಮತ್ತು ಬಿಬ್ರಾನ್ ವರ್ಣಿಸಿದ ಮೈಕ್ರೊಹೈಲ ಆರ್ನೇಟ ಎಂದೇ ಕರೆಯಲಾಗುತ್ತಿತ್ತು. ಆದರೆ 2015ರಲ್ಲಿ ಬಾಂಗ್ಲಾದೇಶದ ನೀಲ್ಫಾಮಾರಿಯಿಂದ ಬೇರೆ ಪ್ರಭೇದವೆಂದು ವರ್ಣಿತವಾದ ಮೈಕ್ರೊಹೈಲ ನೀಲ್ಫಾಮಾರಿಯೆನ್ಸಿಸ್ ಭಾರತದಲ್ಲೂ ಇದೆ, ಮತ್ತು ನೋಟಕ್ಕೆ ಅವೆರಡೂ ಅವಳಿಗಳಂತಿವೆ. ಹೀಗಾಗಿ ಬೆನ್ನಿನ ಚಿತ್ರವೊಂದನ್ನೇ ನೋಡಿ ಎರಡರಲ್ಲೊಂದು ಹೆಸರನ್ನು ಖಚಿತವಾಗಿ ಬರೆಯುವುದು ಸರಿಯಲ್ಲ. ಕೂಗಿನ ಧ್ವನಿಮುದ್ರಣ ಅಥವಾ ಡಿಎನ್‌ಎ ಪರೀಕ್ಷೆ ಬೇಕಾಗುತ್ತದೆ. ನಮ್ಮದೇ ಕರಾವಳಿಯಲ್ಲಿ, ಜನರ ಓಡಾಟವಿರುವ ಜಾಗಗಳಿಂದಲೇ, 2016ರಲ್ಲಿ ಮಣಿಪಾಲದ ಮುರಕಲ್ಲಿನ ಬಯಲಿನ ಮೈಕ್ರೊಹೈಲ ಮತ್ತು 2018ರಲ್ಲಿ ಮಂಗಳೂರಿನ ಮೈಕ್ರೊಹೈಲ ಕೊಡಿಯಾಲ್ ಹೊಸ ಪ್ರಭೇದಗಳಾಗಿ ದಾಖಲಾದವು ಎಂಬುದನ್ನು ನೆನೆದರೆ, ನಿಮ್ಮ ತೋಟದ ಕೂಗನ್ನು ಮುದ್ರಿಸಿಡುವುದು ವ್ಯರ್ಥವಲ್ಲವೆಂದು ನಿಮಗೂ ಅನಿಸಬಹುದು.

ಇನ್ನು ತಗ್ಗಿನ ವಿಚಾರ. ದಯವಿಟ್ಟು ಅದನ್ನು ಈಗ ಮುಚ್ಚಬೇಡಿ. ಈ ಕಪ್ಪೆ ವರ್ಷದ ಬಹುಪಾಲನ್ನು ತರಗೆಲೆಯ ಅಡಿ, ಕಲ್ಲಿನ ಸಂದು, ಎರೆಮಣ್ಣಿನ ಬಿರುಕುಗಳಲ್ಲಿ ಇರುವೆ, ಗೆದ್ದಲುಗಳನ್ನು ತಿಂದುಕೊಂಡು ಕಳೆಯುತ್ತದೆ. ನೀರು ಅದಕ್ಕೆ ಬೇಕಾಗುವುದು ಮೊಟ್ಟೆಯಿಡಲು, ಅದೂ ಮೀನಿಲ್ಲದ, ಅಂಚಿನಲ್ಲಿ ಹುಲ್ಲಿರುವ, ಮಳೆಗೆ ತುಂಬಿ ಬೇಸಿಗೆಗೆ ಒಣಗುವ ಇಂಥ ತಗ್ಗುಗಳೇ ಬೇಕು. ಕೆಲಗೇರಿಯಂಥ ದೊಡ್ಡ ಕೆರೆ ಹತ್ತಿರವಿದ್ದ ಮಾತ್ರಕ್ಕೆ ಅದು ಈ ತಗ್ಗಿಗೆ ಬದಲಿಯಾಗದು. ಬೆಳಗಿನ ಹೊತ್ತು ಬಾಗಿ ನೋಡಿದರೆ ನೀರಿನ ಮೇಲೆ ತೆಳು ಪರೆಯಂತೆ ಹರಡಿದ ಮೊಟ್ಟೆಗಳು ಕಂಡಾವು. ಸುಮಾರು ಒಂದು ದಿನದಲ್ಲೇ ಅವು ಒಡೆಯುತ್ತವೆ. ಗಾಜಿನಂತೆ ಪಾರದರ್ಶಕವಾದ ಗೊದಮೊಟ್ಟೆಗಳು ತಳಕ್ಕೆ ಅಂಟಿಕೊಳ್ಳದೆ ನೀರಿನ ನಡುವೆ ತೇಲಾಡುತ್ತ, ಸೂಕ್ಷ್ಮ ಪಾಚಿಯನ್ನು ಸೋಸಿ ತಿಂದು, ಒಂದು ತಿಂಗಳ ಆಸುಪಾಸಿನಲ್ಲಿ ಕಪ್ಪೆಗಳಾಗಿ ಹೊರಬರುತ್ತವೆ.

ಈ ಗೊದಮೊಟ್ಟೆಗಳು ಸೊಳ್ಳೆಯ ಮರಿಗಳನ್ನು ತಿನ್ನುತ್ತವೆ ಎಂದು ಹೇಳಿ ನಿಮ್ಮನ್ನು ಒಪ್ಪಿಸಲಾರೆ, ಅದು ನಿಜವಲ್ಲ. ಆದರೆ ಅದೇ ನೀರಿನಲ್ಲಿ ಬೆಳೆಯುವ ಏರೋಪ್ಲೇನ್ ಚಿಟ್ಟೆಯ ಮರಿಗಳು ಸೊಳ್ಳೆಯ ಮರಿಗಳನ್ನು ಹಿಡಿದು ತಿನ್ನುತ್ತವೆ. ಡೆಂಗಿ ಹರಡುವ ಸೊಳ್ಳೆಯಂತೂ ಹೆಚ್ಚಾಗಿ ಮನೆಯ ಸುತ್ತಲಿನ ಡ್ರಮ್ಮು, ಟಯರು, ತೆರೆದ ತೊಟ್ಟಿಗಳಲ್ಲಿ ಮೊಟ್ಟೆಯಿಡುವುದರಿಂದ ಮೊದಲು ಅವುಗಳ ಕಡೆ ಗಮನ ಕೊಡಿ. ತಗ್ಗಿಗೆ ಗಪ್ಪಿ, ಗ್ಯಾಂಬೂಸಿಯ ಮೀನುಗಳನ್ನು ಬಿಟ್ಟರೆ ಮೊಟ್ಟೆಯೂ ಉಳಿಯದು, ಗೊದಮೊಟ್ಟೆಯೂ ಉಳಿಯದು. ಗಿಡಗಳಿಗೆ ಔಷಧಿ ಹೊಡೆಯಲೇಬೇಕಿದ್ದರೆ ನೀರಿನ ಅಂಚಿನಿಂದ ದೂರವಿರಲಿ, ಏಕೆಂದರೆ ಕಪ್ಪೆಯ ಚರ್ಮ ನೀರಿನಲ್ಲಿ ಬೆರೆತದ್ದನ್ನೆಲ್ಲ ಹೀರಿಕೊಳ್ಳುತ್ತದೆ.

ಮುಂದಿನ ಮಳೆಯ ರಾತ್ರಿ ಮೊಬೈಲಿನಲ್ಲಿ ಒಂದೆರಡು ನಿಮಿಷ ಕೂಗನ್ನು ಮುದ್ರಿಸಿ, ಮುದ್ರಿಸಿದ ಹೊತ್ತನ್ನು ಬರೆದಿಡಿ. ಕಪ್ಪೆಯನ್ನು ಒದ್ದೆ ಕೈಯಿಂದ ಕ್ಷಣಕಾಲ ಹಿಡಿದು ಪಕ್ಕೆ ಮತ್ತು ಹಿಂಗಾಲಿನ ಅಡಿಭಾಗದ ಚಿತ್ರಗಳನ್ನು ತೆಗೆದು, ಹಿಡಿದ ಜಾಗದಲ್ಲೇ ಬಿಡಿ. ಅವೆಲ್ಲ ಕೈಸೇರಿದ ಮೇಲೆ ಹೆಸರಿನ ಪ್ರಶ್ನೆಯನ್ನು ಮತ್ತೆ ಎತ್ತಿಕೊಳ್ಳೋಣ.