ಪ್ರತಿಕ್ರಿಯೆ: ಫೋಲಿಯಾ ಎರಡನೇ ಬಾರ್‌ನಲ್ಲೇ ಸಪ್ಪೆ ಯಾಕೆ?

ಗಿಟಾರ್‌ನಲ್ಲಿ ಡಿ ಮೈನರ್ ಫೋಲಿಯಾ (ಯುರೋಪಿನ ಒಂದು ಹಳೆಯ ಧಾಟಿ) ನುಡಿಸಿದರೆ ಎರಡನೇ ಬಾರ್‌ನಲ್ಲೇ (ಇಲ್ಲಿ ಬಾರ್ ಎಂದರೆ ಮೂರು ಬೀಟ್‌ಗಳ ಗುಂಪು) ಸಪ್ಪೆಯಾಗುತ್ತದೆ ಎಂದಿದ್ದೀರಿ. ಬಹುಶಃ ಅಲ್ಲಿ ಎ ಮೈನರ್ ಕಾರ್ಡ್ (ಒಟ್ಟಿಗೆ ನುಡಿಸುವ ಸ್ವರಗಳ ಗುಂಪು) ಹಿಡಿಯುತ್ತಿದ್ದೀರಿ. ಬೇಕಿರುವುದು ಎ ಮೇಜರ್. ಅದರೊಳಗಿನ ಸಿ ಶಾರ್ಪ್ ಮತ್ತೆ ಡಿಗೆ ಎಳೆಯುತ್ತದೆ. ಡಿಯನ್ನು ಷಡ್ಜ ಎಂದಿಟ್ಟುಕೊಂಡರೆ ಇದು ಕಾಕಲಿ ನಿಷಾದ, ಅಂದರೆ ಮೇಲಿನ ನಿ. ಆದರೆ ನಾಲ್ಕನೇ ಬಾರ್‌ನ ಸಿ ಮೇಜರ್‌ನಲ್ಲಿ ಬರುವ ಸಿ ಕೈಶಿಕಿ ನಿಷಾದ, ಅಂದರೆ ಕೆಳಗಿನ ನಿ. ಈ ಎರಡು ನಿಷಾದಗಳ ಜಗಳವೇ ಫೋಲಿಯಾದ ರುಚಿ.

ಮೊದಲ 8 ಬಾರ್, ಬಾರ್‌ಗೊಂದು ಕಾರ್ಡ್: ಡಿ ಮೈನರ್, ಎ, ಡಿ ಮೈನರ್, ಸಿ, ಎಫ್, ಸಿ, ಡಿ ಮೈನರ್, ಎ. ಮುಂದಿನ 8ರಲ್ಲಿ ಮೊದಲ ಆರು ಹಾಗೇ; 15ನೇ ಬಾರ್‌ನಲ್ಲಿ ಒಂದು ಬೀಟ್ ಡಿ ಮೈನರ್, ಎರಡು ಬೀಟ್ ಎ; 16ರಲ್ಲಿ ಡಿ ಮೈನರ್‌ಗೆ ಮುಕ್ತಾಯ. 15ರಲ್ಲಿ ಎ ತಡವಾದರೆ ಕೊನೆ ಕುಂಟುತ್ತದೆ.

ಮೂರು ಬೀಟ್‌ಗಳಲ್ಲಿ ಒತ್ತು ಎರಡನೆಯದಕ್ಕೆ. ಮೊದಲನೆಯದಕ್ಕೆ ಕೊಟ್ಟರೆ ವಾಲ್ಟ್ಜ್ ಆಗಿಬಿಡುತ್ತದೆ.

ಫೋಲಿಯಾವನ್ನು ಇಟಲಿಯ ಸಂಯೋಜಕ ಕೊರೆಲ್ಲಿಯದು ಎನ್ನುವುದುಂಟು, ಆದರೆ ಇದು ಅವನ ಧಾಟಿಯಲ್ಲ. ಅವನು 1700ರಲ್ಲಿ ಇದರ ಮೇಲೆ ವೇರಿಯೇಷನ್‌ಗಳನ್ನು (ಅದೇ ಧಾಟಿಯ ಬೇರೆ ಬೇರೆ ರೂಪಗಳನ್ನು) ಪ್ರಕಟಿಸಿದ, ಅಷ್ಟೇ. 1931ರಲ್ಲಿ ರಷ್ಯಾದ ಸಂಯೋಜಕ ರಖ್ಮಾನಿನೋವ್ ಕೂಡ ತನ್ನ ಕೃತಿಯ ಹೆಸರಲ್ಲಿ ಇದನ್ನು ಕೊರೆಲ್ಲಿಯದೆಂದೇ ಬರೆದುಬಿಟ್ಟ!