ಕರ್ನಾಟಕ ಸಂಗೀತದ ಪಿಟೀಲು ಬಲ್ಲವರು ಲೂಯಿಸಿಯಾನಾದ ಕೇಜನ್ ಸಂಗೀತ ಕಲಿಯಲು ಫ್ರೆಂಚ್ ಕಲಿಯಲೇಬೇಕೇ?

ಸೀನಿಯರ್ ಪರೀಕ್ಷೆ ಮುಗಿಸಿದ ಪಿಟೀಲಿನ ಕೈ, ಲೂಯಿಸಿಯಾನಾದ ಲಫಾಯೆಟ್‌ನಲ್ಲಿ ಎಂ.ಎಸ್. ಸೀಟು, ಫ್ರೆಂಚ್ ಕಲಿಯಲು ಪುರುಸೊತ್ತಿಲ್ಲ. ಹಾಡುಗಳನ್ನು ಕನ್ನಡ ಲಿಪಿಯಲ್ಲಿ ಬರೆದುಕೊಂಡು ಬಾಯಿಪಾಠ ಮಾಡಿದರೆ ಸಾಲದೇ, ಪಿಟೀಲಿಗೆ ಜಾಗ ಕಡಿಮೆಯಿರುವ ಝೈಡೆಕೋವನ್ನು (ಅಲ್ಲಿನ ಕಪ್ಪು ಕ್ರಿಯೋಲರ ಕುಣಿತದ ಸಂಗೀತ) ಬದಿಗಿಟ್ಟು, ಫ್ರೆಂಚ್ ಮಾತಿನ ಬಿಳಿಯರದೆನ್ನುವ ಬರಿಯ ಕೇಜನ್ ಹಿಡಿದರೆ ಬೇಗ ಕೈಗೆ ಬಂದೀತಲ್ಲವೇ ಎಂದು ಕೇಳಿದ್ದೀರಿ. ನಾನು ಕೆಲಸದ ಮೇಲೆ ಅದೇ ಊರಿಗೆ ಹೋದಾಗ ಈ ಎರಡೂ ಪ್ರಶ್ನೆಗಳಿಗೆ ಯಾರನ್ನೂ ಕೇಳದೆ ‘ಹೌದು’ ಎಂದು ಉತ್ತರ ಹೇಳಿಕೊಂಡಿದ್ದೆ. ತೆಲುಗು ಬಾರದೆಯೂ ತ್ಯಾಗರಾಜರ ಕೃತಿಗಳನ್ನು ಕನ್ನಡ ಲಿಪಿಯಲ್ಲಿ ಕಲಿತು ನುಡಿಸಿದ ನಮ್ಮಂಥವರಿಗೆ ಅದು ಸಹಜವಾಗಿಯೇ ತೋರುತ್ತದೆ.

ಮೊದಲ ಚಳಿಗಾಲವಿಡೀ ಹಳೆಯ ಧ್ವನಿಮುದ್ರಿಕೆಗಳನ್ನು ಕೇಳುತ್ತ ಕೂತೆ. 1929ರಲ್ಲಿ ನ್ಯೂ ಆರ್ಲಿಯನ್ಸ್‌ನಲ್ಲಿ ಮೊದಲ ಸಲ ರೆಕಾರ್ಡ್ ಆದ ಒಂದು ಜೋಡಿ ನನ್ನನ್ನು ಹಿಡಿದು ಕೂರಿಸಿತು. ಅಕಾರ್ಡಿಯನ್ ನುಡಿಸುತ್ತಲೇ ಹಾಡುವ ಅಮೆದೇ ಆರ್ಡ್ವಾನ್ ಕಪ್ಪು ಕ್ರಿಯೋಲ್, ಅಂದರೆ ಫ್ರೆಂಚ್ ವಸಾಹತಿನ ಕಾಲದಿಂದ ಅಲ್ಲೇ ನೆಲೆಸಿದ ಕಪ್ಪು ಜನರಲ್ಲೊಬ್ಬರು. ಪಿಟೀಲು ಹಿಡಿದ ಡೆನಿಸ್ ಮೆಕ್‌ಗೀ ಬಿಳಿಯ ಕೇಜನ್. ಇಬ್ಬರೂ ಗೇಣಿಗೆ ದುಡಿಯುವವರು. ವರ್ಣಭೇದವೇ ಕಾನೂನಾಗಿದ್ದ ಕಾಲದಲ್ಲಿ ಇವರಿಬ್ಬರೂ ಒಟ್ಟಿಗೆ ಕೂತು ನುಡಿಸಿದ್ದು ಇಂದಿಗೂ ಆ ಸಂಗೀತದ ತಳಪಾಯ. ಆರ್ಡ್ವಾನ್ ಧ್ವನಿ ಆಕಾಶಕ್ಕೆ ಏರಿ ಅಲ್ಲೇ ನಿಲ್ಲುತ್ತದೆ, ಮೆಕ್‌ಗೀ ಕಮಾನು ಅದರ ಕೆಳಗೆ ನೆರಳಿನಂತೆ ಸರಿಯುತ್ತದೆ. ಮಾತು ಒಂದೂ ತಿಳಿಯದಿದ್ದರೂ ಸ್ವರಗಳು ತಿಳಿದವು, ಆದ್ದರಿಂದ ಮಾತು ಬೇಕಿಲ್ಲ ಎಂದುಕೊಂಡೆ.

ಪರಿಚಿತರೊಬ್ಬರು ನನ್ನನ್ನು ಯೂನಿಸ್ ಮತ್ತು ಮಾಮೂ ಊರುಗಳ ನಡುವಿನ ಭತ್ತದ ಸೀಮೆಯಲ್ಲಿದ್ದ ಒಬ್ಬ ಹಿರಿಯ ಕ್ರಿಯೋಲ್ ವಾದಕರ ಮನೆಗೆ ಕರೆದೊಯ್ದರು. ಹೆಸರು ಬೇಡ. ಅವರ ಅಕಾರ್ಡಿಯನ್ ನಮ್ಮ ಹಾರ್ಮೋನಿಯಂನಂತೆ ಎಲ್ಲ ಸ್ವರಗಳನ್ನೂ ಕೊಡುವ ಪೆಟ್ಟಿಗೆಯಲ್ಲ. ಬಲಗೈಗೆ ಹತ್ತು ಗುಂಡಿ, ಎಡಗೈಗೆ ಎರಡು. ಒಂದೇ ಗುಂಡಿ ತಿದಿ ಒತ್ತಿದಾಗ ಒಂದು ಸ್ವರ, ಎಳೆದಾಗ ಇನ್ನೊಂದು. ಸಾಮಾನ್ಯವಾಗಿ ಅದರ ಶ್ರುತಿ ನಮ್ಮ ಲೆಕ್ಕದ ಬಿಳಿ ಒಂದು. ಆದ್ದರಿಂದ ಪಿಟೀಲಿನ ನಾಲ್ಕೂ ತಂತಿಗಳನ್ನು ಒಂದೊಂದು ಸ್ವರ ಕೆಳಗೆ ಇಳಿಸಿಕೊಳ್ಳುತ್ತಾರೆ. ಹಾಡುವವರ ಶ್ರುತಿಗೆ ತಂತಿ ಇಳಿಸಿ ಅಭ್ಯಾಸವಿರುವ ನಿಮಗೆ ಅದು ಐದು ನಿಮಿಷದ ಕೆಲಸ. ಗಾಂಧಾರದ ವಿಷಯದಲ್ಲಿಯೂ ನೀವು ಅದೃಷ್ಟವಂತರು: ಅಲ್ಲಿನ ಕ್ರಿಯೋಲ್ ಪಿಟೀಲಿನವರು ಮುಟ್ಟುವ ಗಾಂಧಾರ ನಮ್ಮ ಸಾಧಾರಣಕ್ಕೂ ಅಂತರಕ್ಕೂ ನಡುವೆ ಎಲ್ಲೋ ಜಾರುತ್ತಿರುತ್ತದೆ. ಅಕಾರ್ಡಿಯನ್‌ನಲ್ಲಿ ಅದು ಸಾಧ್ಯವೇ ಇಲ್ಲ, ಪಾಶ್ಚಾತ್ಯ ಶಾಸ್ತ್ರೀಯ ಪಾಠ ಕಲಿತವರ ಬೆರಳು ಅಲ್ಲಿ ತಡವರಿಸುತ್ತದೆ, ನಮ್ಮ ಬೆರಳು ತಾನಾಗಿ ಹೋಗುತ್ತದೆ. ನನಗೂ ಹೋಯಿತು, ಅದರಿಂದಲೇ ತಲೆ ತಿರುಗಿತು.

ಈಗ ತಪ್ಪಿಗೆ ಬರುತ್ತೇನೆ. ಇದನ್ನು ಉದ್ದಕ್ಕೆ ಹೇಳುವುದಕ್ಕೆ ಕ್ಷಮೆಯಿರಲಿ, ಏಕೆಂದರೆ ನೀವು ನೂರಕ್ಕೆ ನೂರು ಇದನ್ನೇ ಮಾಡುತ್ತೀರಿ. ಆ ಹಿರಿಯರು ಕಲಿಸಿದ ಒಂದು ವಾಲ್ಟ್ಸ್, ಅಂದರೆ ಜೋಡಿಯಾಗಿ ಕುಣಿಯುವ ಹಾಡು, ಮೂರು ಎಣಿಕೆಯದು. ಅದನ್ನು ಫೋನಿನಲ್ಲಿ ಮುದ್ರಿಸಿಕೊಂಡು, ಮನೆಗೆ ಬಂದು ಸ್ವರಲಿಪಿ ಹಾಕಿದೆ. ಪ್ರತಿ ಸಾಲೂ ಮೂರೆಣಿಕೆಯ ಎಂಟು ಸುತ್ತಿಗೆ ಸರಿಯಾಗಿ ಕೂರುತ್ತಿತ್ತು, ಮೂರನೆಯ ಸಾಲೊಂದನ್ನು ಬಿಟ್ಟು. ಅದು ಒಮ್ಮೆ ಒಂಬತ್ತು ಸುತ್ತು, ಇನ್ನೊಮ್ಮೆ ಹತ್ತು. ತಾಳದ ಆವರ್ತವೆಂದರೆ ಮುರಿಯಬಾರದ ಗೆರೆ ಎಂದು ಚಿಕ್ಕಂದಿನಿಂದ ತೊಡೆ ತಟ್ಟಿ ಕಲಿತವನಿಗೆ ಇದು ವಯಸ್ಸಾದವರ ಲೆಕ್ಕತಪ್ಪಾಗಿ ಕಂಡಿತು. ನಾನು ಹೆಚ್ಚುವರಿ ಸುತ್ತುಗಳನ್ನು ಕತ್ತರಿಸಿ, ಮೂರನೆಯ ಸಾಲನ್ನೂ ಎಂಟಕ್ಕೆ ತಂದು, ಅಚ್ಚುಕಟ್ಟಾದ ಪಾಠವೊಂದನ್ನು ಸಿದ್ಧಪಡಿಸಿ, ಅದನ್ನೇ ನಿದ್ದೆಯಲ್ಲೂ ನುಡಿಸುವಷ್ಟು ಸಾಧನೆ ಮಾಡಿದೆ. ಸಾಹಿತ್ಯವನ್ನು ಕನ್ನಡ ಅಕ್ಷರದಲ್ಲಿ ಬರೆದುಕೊಂಡಿದ್ದೆ, ಅರ್ಥ ಕೇಳಿರಲಿಲ್ಲ. ಕೇಳಿದ್ದರೆ ಮೂರನೆಯ ಸಾಲಿನಲ್ಲಿ ಹಾಡುವಾತ ತನ್ನನ್ನು ಬಿಟ್ಟುಹೋದವಳನ್ನು ಕೂಗಿ ಕರೆಯುತ್ತಿದ್ದಾನೆಂದು ತಿಳಿಯುತ್ತಿತ್ತು. ಆ ಕೂಗು ಆ ರಾತ್ರಿ ಎಷ್ಟು ಉದ್ದ ಬರುತ್ತದೆಯೋ ಸಾಲೂ ಅಷ್ಟೇ ಉದ್ದ. ಜೊತೆಯ ಪಿಟೀಲಿನವರು ಸುತ್ತು ಎಣಿಸುವುದಿಲ್ಲ. ಕೂಗು ಮುಗಿಯುವವರೆಗೆ ಎರಡು ತಂತಿಗಳನ್ನು ಒಟ್ಟಿಗೆ ಎಳೆದು ಹಿಡಿದಿದ್ದು, ಮುಂದಿನ ವಾಕ್ಯದ ಮೊದಲ ಮಾತು ಕಿವಿಗೆ ಬಿದ್ದಾಗ ಸ್ವರ ಬದಲಿಸುತ್ತಾರೆ. ಕೀರ್ತನೆಯ ಸಾಹಿತ್ಯವನ್ನು ತಾಳ ಹಿಡಿದುಕೊಂಡಿರುತ್ತದೆ. ಇಲ್ಲಿ ತಾಳವನ್ನು ಮಾತು ಎಳೆಯುತ್ತದೆ. ಆರ್ಡ್ವಾನ್ ಮತ್ತು ಮೆಕ್‌ಗೀ ಅವರ ಮುದ್ರಿಕೆಗಳಲ್ಲೂ ಇದೇ ಇದೆ. ಚಳಿಗಾಲವಿಡೀ ಕೇಳಿಯೂ ಅದನ್ನು ಹಳೆಯ ರೆಕಾರ್ಡಿನ ದೋಷವೆಂದುಕೊಂಡವನು ನಾನು.

ಒಂದು ಶನಿವಾರ ಚರ್ಚಿನ ಹಾಲ್‌ನಲ್ಲಿ ನೃತ್ಯವಿತ್ತು. ಗುರುಗಳು ನನಗೆ ಎರಡನೆಯ ಪಿಟೀಲು, ಅಂದರೆ ಹಾಡಿಗೆ ಒತ್ತಾಸೆಯಾಗಿ ನುಡಿಸುವ ಪಿಟೀಲು, ಹಿಡಿಯಲು ಹೇಳಿದರು. ಮೂರನೆಯ ಸಾಲು ಬಂದಾಗ ಅವರು ಇನ್ನೂ ಕೂಗಿನ ನಡುವೆ ಇದ್ದರು, ನಾನು ನನ್ನ ಎಂಟನ್ನು ಮುಗಿಸಿ ಮುಂದಿನ ಸಾಲಿಗೆ ಹೋಗಿದ್ದೆ. ಸ್ವರಗಳು ಒಂದಕ್ಕೊಂದು ಡಿಕ್ಕಿ ಹೊಡೆದವು. ಎರಡನೆಯ ಚರಣದಲ್ಲೂ ಹಾಗೇ ಆಯಿತು. ಮೂರನೆಯ ಚರಣದಲ್ಲಿ ಅವರು ನನಗೋಸ್ಕರ ಕೂಗನ್ನು ಮೊಟಕು ಮಾಡಿ ಎಂಟಕ್ಕೆ ನಿಲ್ಲಿಸಿದರು. ಕುಣಿಯುತ್ತಿದ್ದ ಒಬ್ಬ ಅಜ್ಜಿ ತಲೆಯೆತ್ತಿ ವೇದಿಕೆಯತ್ತ ನೋಡಿದ್ದು ಈಗಲೂ ಕಣ್ಣಿಗೆ ಕಟ್ಟುತ್ತದೆ. ಗುರುಗಳು ಬೈಯಲಿಲ್ಲ, ಚೆನ್ನಾಗಿ ನುಡಿಸಿದೆ ಎಂದರು, ಇಂಗ್ಲಿಷಿನಲ್ಲಿ. ಅಲ್ಲಿಯವರೆಗೆ ನನಗೆ ಅರ್ಥವಾಗಲಿ ಬಿಡಲಿ, ಹಾಡು ಹಾಡಿನ ನಡುವೆ ಫ್ರೆಂಚಿನಲ್ಲೇ ಮಾತಾಡುತ್ತಿದ್ದರು. ಅಂದಿನಿಂದ ಬಹುಕಾಲ ನನ್ನೊಂದಿಗೆ ಬರಿಯ ಇಂಗ್ಲಿಷ್.

ಇಷ್ಟು ಸಣ್ಣ ವಿಷಯಕ್ಕೆ ಇಷ್ಟು ನೋವೇಕೆ ಎನ್ನಬೇಡಿ. 1921ರ ಲೂಯಿಸಿಯಾನಾ ಸಂವಿಧಾನ ಸರ್ಕಾರಿ ಶಾಲೆಗಳಲ್ಲಿ ಇಂಗ್ಲಿಷ್ ಒಂದನ್ನೇ ಕಡ್ಡಾಯ ಮಾಡಿತು. ಶಾಲೆಯ ಆವರಣದಲ್ಲಿ ಫ್ರೆಂಚ್ ಆಡಿದ ಮಕ್ಕಳಿಂದ ‘ಇನ್ನು ಮುಂದೆ ಆಡುವುದಿಲ್ಲ’ ಎಂದು ಸಾಲುಸಾಲಾಗಿ ಬರೆಸಿದರು, ಹೊಡೆದರು. ಆ ಮಕ್ಕಳು ದೊಡ್ಡವರಾದ ಮೇಲೆ ತಮ್ಮ ಮಕ್ಕಳೊಂದಿಗೆ ಮನೆಭಾಷೆ ಆಡುವುದನ್ನೇ ಬಿಟ್ಟರು. ಅಂಥ ತಲೆಮಾರಿನವರೊಬ್ಬರು ಪರದೇಶಿ ಹುಡುಗನ ಮುಂದೆ ತಾನಾಗಿ ಫ್ರೆಂಚ್ ಆಡುತ್ತಿದ್ದರೆ ಅದು ಮನೆಯೊಳಗೆ ಕರೆದಂತೆ. 1968ರಲ್ಲಿ ಜೇಮ್ಸ್ ಡೊಮೆಂಜೋ ಅವರ ಮುಂದಾಳತ್ವದಲ್ಲಿ ಫ್ರೆಂಚ್ ಉಳಿಸಲು ಕೊಡೊಫಿಲ್ ಎಂಬ ಸರ್ಕಾರಿ ಸಂಸ್ಥೆ ಹುಟ್ಟಿತು ನಿಜ; ಆದರೆ ಫ್ರಾನ್ಸ್, ಬೆಲ್ಜಿಯಂ, ಕ್ವಿಬೆಕ್‌ಗಳಿಂದ ಬಂದ ಶಿಕ್ಷಕರು ಕಲಿಸಿದ್ದು ಪುಸ್ತಕದ ಫ್ರೆಂಚ್, ಅಜ್ಜಿಯ ಫ್ರೆಂಚ್ ಅಲ್ಲ. ಆದ್ದರಿಂದ ಬೆಂಗಳೂರಿನಲ್ಲಿ ಅವಸರದ ಕೋರ್ಸ್ ಸೇರಿ ಬನ್ನಿ ಎಂದು ನಾನು ಹೇಳುವುದಿಲ್ಲ. ಅದು ಓದಲು ನೆರವಾದೀತು, ಮೂರನೆಯ ಸಾಲಿಗೆ ಅಲ್ಲ.

ಇನ್ನು ‘ಬರಿಯ ಕೇಜನ್’ ಎಂಬ ಮಾತು. ನಿಮ್ಮ ಪ್ರಶ್ನೆಯಲ್ಲಿ ನಾನು ಒಪ್ಪದ ಭಾಗ ಇದೇ. ಬಿಳಿಯರದು ಕೇಜನ್, ಕಪ್ಪು ಜನರದು ಕ್ರಿಯೋಲ್ ಮತ್ತು ಝೈಡೆಕೋ ಎಂಬ ಎರಡು ಡಬ್ಬಿಗಳನ್ನು ಪ್ರವಾಸಿ ಕರಪತ್ರಗಳು ಮಾಡಿಟ್ಟಿವೆ. 1755ರಲ್ಲಿ ಬ್ರಿಟಿಷರು ಈಗಿನ ಕೆನಡಾದ ನೋವಾ ಸ್ಕೋಶಿಯಾದಿಂದ ಹೊರದಬ್ಬಿದ ಫ್ರೆಂಚ್ ಮಾತಿನ ಅಕೇಡಿಯನ್ನರು, ಅಂದರೆ ಇಂದಿನ ಕೇಜನ್ನರ ಪೂರ್ವಜರು, 1760ರ ದಶಕದಿಂದ ಲೂಯಿಸಿಯಾನಾಕ್ಕೆ ಬಂದರು. 1785ರಲ್ಲಿ ಫ್ರಾನ್ಸ್‌ನಿಂದ ಏಳು ಹಡಗುಗಳಲ್ಲಿ ಸುಮಾರು 1,600 ಮಂದಿ ಬಂದಿಳಿದರು. ಅವರು ಬರುವ ಹೊತ್ತಿಗೆ ಅಲ್ಲಿ ಆಫ್ರಿಕಾದಿಂದ ಗುಲಾಮರಾಗಿ ತಂದವರು, ಫ್ರೆಂಚ್ ವಸಾಹತಿನವರು, ಮೂಲನಿವಾಸಿಗಳು ಇದ್ದರು. 1809ರಲ್ಲಿ ಹೈಟಿ ಕ್ರಾಂತಿಯ ನಿರಾಶ್ರಿತರು ಕ್ಯೂಬಾದ ಮೂಲಕ ಸಾವಿರಗಟ್ಟಲೆ ನ್ಯೂ ಆರ್ಲಿಯನ್ಸ್‌ಗೆ ಬಂದರು. ಕ್ರಿಯೋಲ್ ಎಂದರೆ ಮೊದಲಿಗೆ ವಸಾಹತಿನಲ್ಲೇ ಹುಟ್ಟಿದ ಯಾರಾದರೂ ಆಗಬಹುದಿತ್ತು. ಭಾಷೆಯ ಗೆರೆ ಬಣ್ಣದ ಗೆರೆಯ ಮೇಲೆ ಕೂರುವುದೇ ಇಲ್ಲ. ನನ್ನ ಗುರುಗಳಂಥ ಅನೇಕ ಕಪ್ಪು ಕ್ರಿಯೋಲರು ಹಾಡುವುದು ನೆರೆಯ ಕೇಜನ್ನರ ಫ್ರೆಂಚಿನಲ್ಲೇ; ಬ್ರೋ ಬ್ರಿಜ್ ಸುತ್ತಿನ ಸೇಂಟ್ ಮಾರ್ಟಿನ್ ಪ್ಯಾರಿಷ್‌ನಲ್ಲಿ (ನಮ್ಮ ಜಿಲ್ಲೆಯಂತೆ) ಕ್ರಿಯೋಲ್ ಭಾಷೆ ಆಡುವ ಬಿಳಿಯರೂ ಇದ್ದಾರೆ. ಆ ಕ್ರಿಯೋಲ್, ಅಂದರೆ ಕೂರಿ-ವಿನಿ, ಹರಕು ಫ್ರೆಂಚ್ ಅಲ್ಲ. ಪದಗಳು ಹೆಚ್ಚಿನವು ಫ್ರೆಂಚಿನವು, ವ್ಯಾಕರಣ ಅದರದ್ದೇ. 1867ರಲ್ಲಿ ಪ್ರಕಟವಾದ ಗುಲಾಮರ ಹಾಡುಗಳ ಸಂಕಲನದಲ್ಲಿಯೇ ಆ ಭಾಷೆಯ ಹಾಡುಗಳು ಸ್ವರಲಿಪಿ ಸಹಿತ ಅಚ್ಚಾಗಿವೆ. ಈಗ ಆಡುವವರು ತೀರಾ ಕಡಿಮೆ, ಆದರೆ ಕೆಲವು ಕಿರಿಯರು ಅದಕ್ಕೊಂದು ಬರವಣಿಗೆ ಪದ್ಧತಿ ಮಾಡಿಕೊಂಡು ಬರೆಯುತ್ತಿದ್ದಾರೆ.

ಸಂಗೀತದಲ್ಲಂತೂ ಬೇರೆ ಮಾಡುವುದು ಇನ್ನೂ ಕಷ್ಟ. ಎರಡನೆಯ ಮಹಾಯುದ್ಧದ ನಂತರ ಕೇಜನ್ ಅಕಾರ್ಡಿಯನ್‌ಗೆ ಮರುಜೀವ ಕೊಟ್ಟ ಐರಿ ಲಜೂನ್ ಬಿಳಿಯರು, ಅವರ ಕೈ ಪಳಗಿದ್ದು ಆರ್ಡ್ವಾನ್ ಅವರ ಮುದ್ರಿಕೆಗಳಿಂದ. ಆ ಆರ್ಡ್ವಾನ್ ಬಿಳಿಯ ಹೆಂಗಸೊಬ್ಬಳು ಕೊಟ್ಟ ಕರವಸ್ತ್ರದಲ್ಲಿ ಬೆವರು ಒರೆಸಿಕೊಂಡದ್ದಕ್ಕೆ ಹೊಡೆತ ತಿಂದರೆಂದು ಆ ಸೀಮೆಯಲ್ಲಿ ಎಲ್ಲರೂ ಹೇಳುತ್ತಾರೆ. 1942ರಲ್ಲಿ ಅವರು ತೀರಿಕೊಂಡದ್ದು ಪೈನ್‌ವಿಲ್‌ನ ಮಾನಸಿಕ ಆಸ್ಪತ್ರೆಯಲ್ಲಿ. ಝೈಡೆಕೋ ಈ ಮನೆಯ ಇನ್ನೊಂದು ಕೋಣೆ. ವಾದ್ಯವಿಲ್ಲದೆ ಚಪ್ಪಾಳೆ ಮತ್ತು ಕಾಲ್ತಟ್ಟಿನಲ್ಲೇ ನಡೆಯುವ ಕ್ರಿಯೋಲರ ಜೂರೇ ಹಾಡುಗಳನ್ನು 1934ರಲ್ಲಿ ಜನಪದ ಗೀತೆಗಳ ಸಂಗ್ರಾಹಕ ಆಲನ್ ಲೋಮ್ಯಾಕ್ಸ್ ಮುದ್ರಿಸಿದರು. ಆ ಲಯಕ್ಕೆ ಕಪ್ಪು ಅಮೆರಿಕನ್ನರ ಬ್ಲೂಸ್ ಸಂಗೀತ ಬೆರೆತು, ಒಪೆಲೂಸಸ್ ಸೀಮೆಯ ಕ್ಲಿಫ್ಟನ್ ಶೆನಿಯೇ ಕೈಯಲ್ಲಿ ದೊಡ್ಡ ಪಿಯಾನೋ ಅಕಾರ್ಡಿಯನ್ ಸೇರಿ ಝೈಡೆಕೋ ಇಂದಿನ ರೂಪಕ್ಕೆ ಬಂತು. ಭುಜದಿಂದ ಎದೆಗೆ ಇಳಿಬಿಟ್ಟು ಬಾಟಲಿ ತೆರೆಯುವ ಸಾಧನದಿಂದ ಗೀರುವ, ಝೈಡೆಕೋದ ತಾಳವಾದ್ಯವಾದ ಸುಕ್ಕುತಗಡಿನ ಅಂಗಿಯನ್ನು 1946ರಲ್ಲಿ ಟೆಕ್ಸಾಸ್‌ನ ಪೋರ್ಟ್ ಆರ್ಥರ್‌ನಲ್ಲಿ ಲೋಹದ ಕೆಲಸಗಾರರೊಬ್ಬರಿಂದ ಮಾಡಿಸಿದ್ದೂ ಶೆನಿಯೇ ಅವರೇ. ಪಿಟೀಲಿಗೆ ಝೈಡೆಕೋದಲ್ಲಿ ಜಾಗ ಕಡಿಮೆಯೆಂಬ ನಿಮ್ಮ ಮಾತು ಸರಿ. ಆದರೂ ಬಿಡಬೇಡಿ. ನನ್ನ ಗುರುಗಳ ವಾಲ್ಟ್ಸ್‌ನಲ್ಲಿ ಕಮಾನು ಎಲ್ಲಿ ಒತ್ತಬೇಕೆಂಬುದು ನನಗೆ ಹೊಳೆದದ್ದು ಝೈಡೆಕೋ ಕುಣಿತದಲ್ಲಿ ಬೇರೆಯವರ ಕಾಲು ತುಳಿಯುತ್ತಿದ್ದಾಗ.

ನೀವು ಏನು ಮಾಡಬೇಕೆಂದರೆ, ಬಂದ ಮೊದಲ ಸೆಮಿಸ್ಟರ್‌ನಲ್ಲಿ ಪಿಟೀಲನ್ನು ಪೆಟ್ಟಿಗೆಯಲ್ಲೇ ಇಟ್ಟು ಕುಣಿಯಲು ಹೋಗಿ. ಶನಿವಾರ ಬೆಳಿಗ್ಗೆ ಯೂನಿಸ್‌ನಲ್ಲಿ ಅಕಾರ್ಡಿಯನ್ ತಯಾರಕ ಮಾರ್ಕ್ ಸವ್ವಾ ಅವರ ಅಂಗಡಿಯ ಕೂಟ ಬಹುಕಾಲದಿಂದ ನಡೆದುಬಂದಿದೆ. ಅಲ್ಲಿ ಸುಮ್ಮನೆ ಹಿಂದಿನ ಸಾಲಿನಲ್ಲಿ ಕೂತು ಕೇಳಿ. ಆಮೇಲೆ ಪಿಟೀಲು ತೆಗೆದರೂ ಮೊದಲು ಎರಡನೆಯ ಪಿಟೀಲೇ, ಹಾಡಿನ ಮಟ್ಟು ನುಡಿಸುವ ಆಸೆ ಬೇಡ. ಆರ್ನೋವಿಲ್‌ನಂಥ ಊರುಗಳಲ್ಲಿ ಹಿರಿಯರು ಕಾಫಿಗೆ ಸೇರಿ ಫ್ರೆಂಚ್ ಆಡುವ ಮೇಜುಗಳಿವೆ, ತಪ್ಪು ಆಡಿದರೂ ಯಾರೂ ನಗುವುದಿಲ್ಲ. ಒಂದು ಹಾಡು ಕಲಿಯುವ ಮೊದಲು ಅದರ ಪ್ರತಿ ಸಾಲನ್ನೂ ಯಾರ ಬಾಯಿಂದಾದರೂ ಮಾತಿನಂತೆ ಹೇಳಿಸಿ, ಉಸಿರು ಎಲ್ಲಿ ತೆಗೆದುಕೊಳ್ಳುತ್ತಾರೆ ನೋಡಿಕೊಳ್ಳಿ. ಕನ್ನಡ ಲಿಪಿಯಲ್ಲಿ ಬರೆದುಕೊಳ್ಳುವುದಾದರೆ ಬರೆದುಕೊಳ್ಳಿ, ನಾನೂ ಇನ್ನೂ ಹಾಗೇ ಬರೆಯುತ್ತೇನೆ, ಆದರೆ ಆ ಉಸಿರಿನ ಗುರುತು ಹಾಕದೆ ಪುಟ ಮುಚ್ಚಬೇಡಿ. ಸುತ್ತುಗಳ ಲೆಕ್ಕವನ್ನು ಮಾತ್ರ ಬರೆಯಲೇಬೇಡಿ.