ನಾರ್ಡಿಕ್ ವಾಸ್ತುಶಿಲ್ಪಿಗಳ ಪರಿಚಯಕ್ಕೆ ಒಂದು ಸ್ಮಶಾನದಿಂದ ಆರಂಭ

ನಾರ್ಡಿಕ್ ದೇಶಗಳ ಆಧುನಿಕ ವಾಸ್ತುಶಿಲ್ಪಿಗಳ ಬದುಕನ್ನೂ ಕೆಲಸವನ್ನೂ ಅರಿಯಲು ಯಾರಿಂದ ಆರಂಭಿಸಬೇಕು, ಎಲ್ಲರೂ ಹೇಳುವ ಫಿನ್ಲೆಂಡಿನ ಆಲ್ವಾರ್ ಆಲ್ಟೊ ಅವರಿಂದಲೇ ಆಗಬೇಕೆ ಎಂದು ತಾವು ಕೇಳಿದ್ದೀರಿ. ಆಲ್ಟೊ ಅವರಿಂದ ಆರಂಭಿಸಿದರೆ ತಪ್ಪೇನಿಲ್ಲ. ಆದರೂ ವಾಸ್ತುಶಿಲ್ಪದಲ್ಲಿ ಆಸಕ್ತಿಯಿಟ್ಟು ಬಂದವರಿಗೆ ನಾನು ಮೊದಲು ಹೇಳುವುದು ಸ್ವೀಡನ್ನಿನ ಇಬ್ಬರ ಹೆಸರುಗಳನ್ನು: ಗುನ್ನಾರ್ ಆಸ್‌ಪ್ಲುಂಡ್ ಮತ್ತು ಸಿಗುರ್ಡ್ ಲೆವೆರೆಂಟ್ಸ್. ಇಬ್ಬರೂ 1885ರಲ್ಲಿ ಹುಟ್ಟಿದವರು, ಒಂದೇ ಕೆಲಸದಿಂದ ಹೆಸರಾದವರು, ಆ ಕೆಲಸದಿಂದಲೇ ಪರಸ್ಪರ ದೂರವಾದವರು. ದುಃಖ, ಕಾಯಿಲೆ, ಭಯಗಳಿಂದ ಕುಗ್ಗಿಹೋಗಿ ಕಟ್ಟಡದೊಳಗೆ ಕಾಲಿಡುವ ಮನುಷ್ಯನನ್ನು ಮನಸ್ಸಿನಲ್ಲಿಟ್ಟುಕೊಂಡು ನಕ್ಷೆ ಬರೆಯುವುದೇ ಈ ಪರಂಪರೆಯ ತಿರುಳೆಂದು ನಾನು ಭಾವಿಸಿದ್ದೇನೆ. ಬಿಳಿ ಗೋಡೆ, ಮರದ ಪೀಠೋಪಕರಣಗಳೆಲ್ಲ ಆಮೇಲಿನ ಮಾತು.

ಸ್ಟಾಕ್‌ಹೋಮಿನ ಕಲಾ ಅಕಾಡೆಮಿಯ ಪಾಠಕ್ರಮ ಹಿಡಿಸದ ಕೆಲವು ಯುವಕರು 1910ರಲ್ಲಿ ಕ್ಲಾರಾ ಎಂಬ ಸ್ವಂತ ಶಾಲೆಯನ್ನು ಆರಂಭಿಸಿ, ತಾವು ಮೆಚ್ಚಿದ ವಾಸ್ತುಶಿಲ್ಪಿಗಳನ್ನೇ ಗುರುಗಳನ್ನಾಗಿ ಕರೆದರು. ಆ ಯುವಕರಲ್ಲಿ ಇವರಿಬ್ಬರೂ ಇದ್ದರು. 1915ರಲ್ಲಿ, ನಗರದ ದಕ್ಷಿಣಕ್ಕಿದ್ದ ಪೈನ್ ಕಾಡು ಮತ್ತು ಹಳೆಯ ಜಲ್ಲಿ ಗುಂಡಿಗಳ ಜಾಗದಲ್ಲಿ ಹೊಸ ಸ್ಮಶಾನವೊಂದನ್ನು ರೂಪಿಸುವ ಸ್ಪರ್ಧೆಯನ್ನು ಇಬ್ಬರೂ ಸೇರಿ ಗೆದ್ದರು. ನೂರು ಹೆಕ್ಟೇರಿಗೂ ಮಿಗಿಲಾದ ಈ 'ಅರಣ್ಯ ಸ್ಮಶಾನ' 1994ರಿಂದ ಯುನೆಸ್ಕೊ ವಿಶ್ವ ಪರಂಪರೆಯ ಪಟ್ಟಿಯಲ್ಲಿದೆ. ಕಾಡನ್ನು ಕಡಿದು ಉದ್ಯಾನ ಮಾಡುವ ಬದಲು, ಸಮಾಧಿಗಳನ್ನು ಮರಗಳ ನಡುವೆಯೇ ಇರಿಸಿದ್ದು ಅವರ ಮೊದಲ ತೀರ್ಮಾನ.

ಅಲ್ಲಿನ ವಿವರಗಳನ್ನು ನಿಧಾನವಾಗಿ ನೋಡಬೇಕು. ಲೆವೆರೆಂಟ್ಸ್ ರೂಪಿಸಿದ ಎಲ್ಮ್ ಮರಗಳ ದಿಬ್ಬಕ್ಕೆ ಹತ್ತುವ ಮೆಟ್ಟಿಲುಗಳು ಮೇಲಕ್ಕೆ ಹೋದಂತೆಲ್ಲ ಎತ್ತರದಲ್ಲಿ ಕಡಿಮೆಯಾಗುತ್ತ ಹೋಗುತ್ತವೆ. ಹತ್ತುವವರಿಗೆ ಕಾರಣ ತಿಳಿಯದಿದ್ದರೂ, ತುದಿ ತಲುಪುವಾಗ ಏದುಸಿರು ಇರುವುದಿಲ್ಲ. ದಿಬ್ಬದಿಂದ ಕಾಡಿನೊಳಗೆ ನೇರವಾಗಿ ಸಾಗುವ 888 ಮೀಟರ್ ಉದ್ದದ ದಾರಿಯ ಕೊನೆಯಲ್ಲಿ ಅವರದೇ ಪುನರುತ್ಥಾನ ಪ್ರಾರ್ಥನಾಲಯವಿದೆ. 1925ರ ಆ ಕಟ್ಟಡಕ್ಕೆ ದಕ್ಷಿಣಕ್ಕೆ ತೆರೆದ ದೊಡ್ಡ ಕಿಟಕಿ ಒಂದೇ, ಅದರ ಬೆಳಕು ಶವಪೆಟ್ಟಿಗೆ ಇರುವ ಕಡೆಗೆ ಬೀಳುತ್ತದೆ. ಜನರು ಉತ್ತರದ ಕಂಬಸಾಲಿನ ಮೂಲಕ ಒಳಬಂದು, ವಿಧಿಗಳು ಮುಗಿದ ಮೇಲೆ ಪಶ್ಚಿಮದ ಬಾಗಿಲಿನಿಂದ ಹೊರಹೋಗುತ್ತಾರೆ. ಬಂದ ದಾರಿಯಲ್ಲಿ ಹಿಂತಿರುಗುವ ಪ್ರಸಂಗವೇ ಬರುವುದಿಲ್ಲ.

1930ರ ದಶಕದ ಮಧ್ಯದಲ್ಲಿ ಸ್ಮಶಾನದ ಆಡಳಿತ ಮಂಡಳಿಯು ಮುಖ್ಯ ಚಿತಾಗಾರದ ಕೆಲಸವನ್ನು ಆಸ್‌ಪ್ಲುಂಡ್ ಒಬ್ಬರಿಗೇ ವಹಿಸಿತು. ಇಪ್ಪತ್ತು ವರ್ಷ ಜೊತೆಗೆ ದುಡಿದ ಲೆವೆರೆಂಟ್ಸ್ ಹೊರಗುಳಿದರು, ಸ್ನೇಹವೂ ಮುರಿಯಿತು. ಅನ್ಯಾಯವೆಂದೇ ನನಗೆ ಅನಿಸುತ್ತದೆ. ಆದರೆ 1940ರಲ್ಲಿ ಮುಗಿದ ಆ ಚಿತಾಗಾರವನ್ನು ನೋಡಿದಾಗ ಆಸ್‌ಪ್ಲುಂಡ್ ಅವರನ್ನು ದೂರಲು ಮನಸ್ಸು ಬರುವುದಿಲ್ಲ. ಅಲ್ಲಿನ ಮೂರು ಪ್ರಾರ್ಥನಾಲಯಗಳ ನಡುವೆ ಪುಟ್ಟ ತೋಟಗಳಿವೆ, ಹೀಗಾಗಿ ಒಂದು ಕುಟುಂಬದ ದುಃಖಕ್ಕೆ ಇನ್ನೊಂದು ಕುಟುಂಬವು ಅಡ್ಡ ಬರುವುದಿಲ್ಲ. ದೊಡ್ಡ ಪ್ರಾರ್ಥನಾಲಯದ ನೆಲವು ಶವಪೆಟ್ಟಿಗೆಯ ಕಡೆಗೆ ಮೆಲ್ಲಗೆ ಇಳಿಯುತ್ತದೆ. ಅದರ ಮುಂಭಾಗದ ಗಾಜಿನ ಗೋಡೆಯನ್ನು ನೆಲದೊಳಕ್ಕೆ ಇಳಿಸಿ, ಒಳಗನ್ನೂ ಹೊರಗಿನ ಮಂಟಪವನ್ನೂ ಒಂದು ಮಾಡಬಹುದು. ಚಿತಾಗಾರ ಸಿದ್ಧವಾದ ವರ್ಷವೇ, ಐವತ್ತೈದರ ವಯಸ್ಸಿನಲ್ಲಿ, ಆಸ್‌ಪ್ಲುಂಡ್ ತೀರಿಕೊಂಡರು. ಅವರ ಸಮಾಧಿಯೂ ಅಲ್ಲಿಯೇ ಇದೆ. ಅವರ ಸ್ಟಾಕ್‌ಹೋಮ್ ನಗರ ಗ್ರಂಥಾಲಯವನ್ನು (1928) ಎಲ್ಲರೂ ಕೊಂಡಾಡುತ್ತಾರೆ. ನನಗೆ ಅದಕ್ಕಿಂತ ಗೋಥೆನ್‌ಬರ್ಗಿನ ನ್ಯಾಯಾಲಯದ ವಿಸ್ತರಣೆ (1937) ಇಷ್ಟ. ಆತಂಕದಿಂದ ಬಂದವರು ನಿಧಾನವಾಗಿಯೇ ಹತ್ತುವಂತೆ ಅಲ್ಲಿನ ಮೆಟ್ಟಿಲುಗಳನ್ನು ತಗ್ಗಾಗಿ, ಅಗಲವಾಗಿ ಮಾಡಲಾಗಿದೆ. ಆಗಿನ ಪತ್ರಿಕೆಗಳು ಮಾತ್ರ ಅದನ್ನು ಕಟುವಾಗಿ ಟೀಕಿಸಿದವು.

ಲೆವೆರೆಂಟ್ಸ್ ಅವರ ಬದುಕು ಬೇರೆ ಹಾದಿ ಹಿಡಿಯಿತು. ಅವರು ಎಸ್ಕಿಲ್ಸ್‌ಟೂನಾ ಎಂಬ ಊರಿನಲ್ಲಿ ಲೋಹದ ಬಾಗಿಲು, ಕಿಟಕಿ, ಅವುಗಳ ಬಿಡಿಭಾಗಗಳನ್ನು ತಯಾರಿಸುವ ಕಾರ್ಖಾನೆ ನಡೆಸಿದರು; 1916ರಲ್ಲಿ ಸ್ಪರ್ಧೆಯಲ್ಲಿ ಗೆದ್ದಿದ್ದ ಮಾಲ್ಮೊ ನಗರದ ಪೂರ್ವ ಸ್ಮಶಾನದ ಕೆಲಸವನ್ನು ದಶಕಗಳ ಕಾಲ ಮುಂದುವರಿಸಿದರು. ತಮ್ಮ ಕೆಲಸದ ಕುರಿತು ಅವರು ಬರೆದದ್ದು ಇಲ್ಲವೆನ್ನುವಷ್ಟು ಕಡಿಮೆ. ಎಪ್ಪತ್ತರ ಹರೆಯದಲ್ಲಿ ಸ್ಟಾಕ್‌ಹೋಮಿನ ಬ್ಯೋರ್ಕ್‌ಹಾಗೆನ್ ಬಡಾವಣೆಯ ಸಂತ ಮಾರ್ಕನ ಚರ್ಚನ್ನು (1960), ಎಂಬತ್ತು ದಾಟಿದ ಮೇಲೆ ದಕ್ಷಿಣದ ಕ್ಲಿಪ್ಪಾನಿನಲ್ಲಿ ಸಂತ ಪೀಟರನ ಚರ್ಚನ್ನು (1966) ಮುಗಿಸಿದರು. ಕ್ಲಿಪ್ಪಾನಿನಲ್ಲಿ ಅವರು ಗಾರೆ ಕೆಲಸದವರಿಗೆ ಹಾಕಿದ ನಿಯಮ ಒಂದೇ: ಯಾವ ಇಟ್ಟಿಗೆಯನ್ನೂ ಕತ್ತರಿಸಬಾರದು. ಹಾಗೆಂದಾಗ ಮೂಲೆ, ಕಿಟಕಿ, ಕಮಾನುಗಳಲ್ಲಿ ಲೆಕ್ಕ ತಪ್ಪುವುದನ್ನೆಲ್ಲ ಗಾರೆಯೇ ಸರಿದೂಗಿಸಬೇಕಾಗುತ್ತದೆ; ಆದ್ದರಿಂದಲೇ ಆ ಗೋಡೆಗಳಲ್ಲಿ ಗಾರೆಯ ಸಂದುಗಳು ಅಷ್ಟು ದಪ್ಪ. ಕಿಟಕಿಗಳಿಗೆ ಚೌಕಟ್ಟಿಲ್ಲ, ಗಾಜನ್ನು ಹೊರಗಿನಿಂದ ಗೋಡೆಗೇ ಕ್ಲಿಪ್ಪುಗಳಿಂದ ಕೂರಿಸಿದ್ದಾರೆ. ಬಾಗಿಲು ಕಿಟಕಿಗಳ ಕಾರ್ಖಾನೆಯಲ್ಲಿ ಅಷ್ಟು ವರ್ಷ ದುಡಿದವರಿಗೆ ಮಾತ್ರ ಚೌಕಟ್ಟನ್ನು ಕೈಬಿಡುವ ಈ ಧೈರ್ಯ ಬರಬಹುದೇನೋ. ಚಾವಣಿಯ ಭಾರವನ್ನು ನಡುವಿನ ಒಂದು ಉಕ್ಕಿನ ಕಂಬ ಹೊತ್ತಿದೆ. ಒಳಗೆ ಬೆಳಕು ಬಹಳ ಕಡಿಮೆ, ಮೊದಲ ನೋಟಕ್ಕೆ ಇದು ಒರಟಾಗಿ ಕಾಣುತ್ತದೆ, ಕೆಲವರಿಗೆ ಕೊನೆಯವರೆಗೂ ಹಾಗೆಯೇ ಕಾಣುತ್ತದೆ.

ಈ ಇಬ್ಬರನ್ನು ಅರಿತ ಮೇಲೆ ಆಲ್ಟೊ ಅವರ ಬಳಿಗೆ ಹೋದರೆ, ಆಸ್‌ಪ್ಲುಂಡ್ ಅವರ ಸ್ನೇಹಿತರಾಗಿದ್ದ ಆ ಫಿನ್ಲೆಂಡಿನ ವಾಸ್ತುಶಿಲ್ಪಿಯಲ್ಲಿ ಇದೇ ಕಾಳಜಿ ಆಸ್ಪತ್ರೆಗೆ ಹರಿದಿರುವುದು ಕಾಣುತ್ತದೆ. 1933ರಲ್ಲಿ ಮುಗಿದ ಪೈಮಿಯೊ ಕ್ಷಯ ಚಿಕಿತ್ಸಾಲಯವು ಹಾಸಿಗೆಯಲ್ಲಿ ಮಲಗಿದವನ ಕಣ್ಣಿನಿಂದ ಯೋಚಿಸಿದ ಕಟ್ಟಡ: ಕಣ್ಣು ಕುಕ್ಕದಂತೆ ಚಾವಣಿಗೆ ಗಾಢ ಬಣ್ಣ, ದೃಷ್ಟಿಗೆ ನೇರವಾಗಿ ಬೀಳದ ದೀಪ, ಪಕ್ಕದ ರೋಗಿಯ ನಿದ್ದೆ ಕೆಡದಂತೆ ನೀರು ಸದ್ದಿಲ್ಲದೆ ಜಾರುವ ವಾಶ್‌ಬೇಸಿನ್. ಅವರ ಪತ್ನಿ ಆಯ್ನೊ ಸ್ವತಃ ವಾಸ್ತುಶಿಲ್ಪಿ, 1935ರಲ್ಲಿ ಆರಂಭವಾದ ಆರ್ಟೆಕ್ ಎಂಬ ಪೀಠೋಪಕರಣ ಸಂಸ್ಥೆಯನ್ನು ಕಟ್ಟಿದವರಲ್ಲಿ ಒಬ್ಬರು. ಆಲ್ಟೊ ಎಂದು ಬರೆಯುವಾಗಲೆಲ್ಲ ಒಬ್ಬರನ್ನೇ ನೆನೆಯುವುದು ಸರಿಯಲ್ಲ. ಡೆನ್ಮಾರ್ಕಿನ ಯೊರ್ನ್ ಉಟ್ಸಾನ್ 1957ರಲ್ಲಿ ಸಿಡ್ನಿ ಒಪೆರಾ ಹೌಸ್ ಸ್ಪರ್ಧೆ ಗೆದ್ದು, 1966ರಲ್ಲಿ ಜಗಳವಾಗಿ ಕೆಲಸ ಬಿಟ್ಟು, ಮುಗಿದ ಕಟ್ಟಡವನ್ನು ಒಮ್ಮೆಯೂ ನೋಡಲಿಲ್ಲ. ಅವರನ್ನು ಆಲ್ಟೊ ಅವರ ನಂತರ ಓದಿ.

ಸ್ಟಾಕ್‌ಹೋಮಿಗೆ ಹೋಗುವ ಅವಕಾಶ ಸಿಕ್ಕರೆ, ಅರಣ್ಯ ಸ್ಮಶಾನಕ್ಕೂ ಬ್ಯೋರ್ಕ್‌ಹಾಗೆನ್‌ಗೂ ಮೆಟ್ರೊದ ಹಸಿರು ಮಾರ್ಗದಲ್ಲಿಯೇ ಅವುಗಳ ಹೆಸರಿನ ನಿಲ್ದಾಣಗಳಿವೆ, ಕವಲುಗಳು ಮಾತ್ರ ಬೇರೆ. ಸ್ಮಶಾನವನ್ನು ಮೊದಲು ನೋಡಿ. ಲೆವೆರೆಂಟ್ಸ್ ಅವರ ಇಟ್ಟಿಗೆಯ ಒರಟುತನಕ್ಕೆ ಅದು ಕಣ್ಣನ್ನು ಸಿದ್ಧಪಡಿಸುತ್ತದೆ. ಹೋಗಲಾಗದಿದ್ದರೆ, ಇಬ್ಬರ ನಕ್ಷೆಗಳನ್ನೂ ಕಾಪಾಡಿಕೊಂಡು ಬಂದಿರುವ ಸ್ಟಾಕ್‌ಹೋಮಿನ ಆರ್ಕ್‌ಡೆಸ್ ಎಂಬ ವಾಸ್ತುಶಿಲ್ಪ ಸಂಗ್ರಹಾಲಯದ ಹೆಸರನ್ನು ಹುಡುಕಿ, ಛಾಯಾಚಿತ್ರಗಳಿಗಿಂತ ಮೊದಲು ಆ ಎಲ್ಮ್ ದಿಬ್ಬದ ನಕ್ಷೆಯನ್ನು ನೋಡಿ.